ಸಂಚಿಕೆಗೊಂದಿಷ್ಟು ಒಡೆದ ಅಕ್ಷರ

ಇವತ್ತು ಮಧ್ಯಾಹ್ನ ಪೂರ್ತಿ 'ದಿ ಫೇಸ್' ಪತ್ರಿಕೆಯ ಹಳೇ ಪುಟಗಳನ್ನೇ ನೋಡುತ್ತಾ ಕೂತಿದ್ದೆ. 1980ರಲ್ಲಿ ಲಂಡನ್ನಿನಲ್ಲಿ ನಿಕ್ ಲೋಗನ್ ತಮ್ಮ ಉಳಿತಾಯದ ದುಡ್ಡು ಹಾಕಿ ಶುರು ಮಾಡಿದ ಮಾಸಪತ್ರಿಕೆ ಇದು. ಸಂಗೀತ, ಫ್ಯಾಷನ್, ಕ್ಲಬ್ಬು ಎಲ್ಲ ಇರುತ್ತಿತ್ತು. ಮುಂದಿನ ವರ್ಷ ನೆವಿಲ್ ಬ್ರೋಡಿ ವಿನ್ಯಾಸಕ್ಕೆ ಕೈ ಹಾಕಿದರು.

ಆಗ ಪುಟ ಕಟ್ಟುವುದೆಂದರೆ ಕತ್ತರಿಸಿ ಅಂಟಿಸುವ ಕೆಲಸ. ತಲೆಬರಹಕ್ಕೆ ಬೇಕಾದ ಅಕ್ಷರಗಳನ್ನು ಬ್ರೋಡಿ ತಾವೇ ಕೈಯಲ್ಲಿ ಬಿಡಿಸುತ್ತಿದ್ದರು. ಚೂಪು ಮೂಲೆ, ದಪ್ಪ ಗೆರೆ, ನಡುನಡುವೆ ದೊಡ್ಡ ಚಿಹ್ನೆಗಳು. ನನಗೆ ಜಾಸ್ತಿ ಹಿಡಿಸಿದ್ದು ಪರಿವಿಡಿ ಪುಟ. ಅದರ ಮೇಲಿದ್ದ 'ಕಂಟೆಂಟ್ಸ್' ಅನ್ನುವ ಅಕ್ಷರಗಳನ್ನು ಸಂಚಿಕೆಯಿಂದ ಸಂಚಿಕೆಗೆ ಸ್ವಲ್ಪ ಸ್ವಲ್ಪವೇ ಒಡೆಯುತ್ತಾ ಹೋದರು. ಕೊನೆಕೊನೆಗೆ ಉಳಿದದ್ದು ಬರೀ ಗೆರೆ, ಗುರುತು. ಓದುಗರು ಹಿಂದಿನ ತಿಂಗಳುಗಳನ್ನು ನೆನಪಿಟ್ಟುಕೊಂಡಿರುತ್ತಾರೆ, ಅರ್ಥ ಮಾಡಿಕೊಳ್ಳುತ್ತಾರೆ ಅನ್ನುವ ನಂಬಿಕೆ. ಎಂಥ ಗೌರವ ಅಲ್ವಾ ಅದು!

ಆಮೇಲೆ ಜಾಹೀರಾತಿನವರೆಲ್ಲ ಅದೇ ಶೈಲಿ ನಕಲು ಮಾಡಿದರು. 1986ರಲ್ಲಿ ಲೋಗನ್ 'ಅರೀನಾ' ಅನ್ನುವ ಇನ್ನೊಂದು ಪತ್ರಿಕೆ ಶುರು ಮಾಡಿದಾಗ ಬ್ರೋಡಿ ಆ ಅಬ್ಬರವನ್ನೆಲ್ಲ ಪಕ್ಕಕ್ಕಿಟ್ಟು ಹೆಲ್ವೆಟಿಕಾದಂಥ ಸಾದಾ ಅಕ್ಷರಕ್ಕೆ ಬಂದರು. ಊರೆಲ್ಲ ಮೆಚ್ಚಿ ನಕಲು ಮಾಡುತ್ತಿರುವ ಶೈಲಿಯನ್ನು ಅದನ್ನು ಕಟ್ಟಿದವರೇ ಬಿಟ್ಟು ಮುಂದೆ ಹೋಗುವುದು ಸುಮ್ನೆ ಮಾತಲ್ಲ. ಒಡೆದ ಅಕ್ಷರಗಳಿಗಿಂತ ನನಗೆ ಈ ಧೈರ್ಯವೇ ದೊಡ್ಡದಾಗಿ ಕಾಣುತ್ತದೆ.

'ದಿ ಫೇಸ್' 2004ರಲ್ಲಿ ನಿಂತಿತು, 2019ರಲ್ಲಿ ಮತ್ತೆ ಶುರುವಾಯಿತು. ಎಂಬತ್ತರ ದಶಕದ ಸಂಚಿಕೆ ನಿಮ್ಮಲ್ಲಿ ಯಾರ ಹತ್ತಿರವಾದರೂ ಇದ್ದರೆ ಪರಿವಿಡಿ ಪುಟದ ಒಂದು ಫೋಟೋ ಹಾಕಿ, ದಯವಿಟ್ಟು.