ಮೆಸ್ಸಿಯನ್ನು ಚಿಗಟ ಅಂದರೆ ಬೈದ ಹಾಗೆ ಅಲ್ವಾ?

ನನ್ನ ಹತ್ತಿರ ಸ್ಪ್ಯಾನಿಷ್ ಕಲಿಯುವವರಲ್ಲಿ ಫುಟ್‌ಬಾಲ್ ಹುಚ್ಚಿರುವವರು ತಪ್ಪದೆ ಕೇಳುವ ಪ್ರಶ್ನೆ ಇದು. ಅರ್ಜೆಂಟೀನಾದವರು ತಮ್ಮ ಮೆಸ್ಸಿಯನ್ನೇ 'ಲಾ ಪುಲ್ಗಾ', ಅಂದರೆ ಚಿಗಟ ಅನ್ನುತ್ತಾರಲ್ಲ, ಯಾಕೆ?

ಅದು ಪೂರ್ತಿ ಪ್ರೀತಿಯ ಹೆಸರು. ಮೆಸ್ಸಿ ಚಿಕ್ಕಂದಿನಲ್ಲಿ ತುಂಬಾ ಕುಳ್ಳ, ಬೆಳವಣಿಗೆಯ ಹಾರ್ಮೋನ್ ಕೊರತೆಗೆ ಚಿಕಿತ್ಸೆ ಪಡೆದ ಹುಡುಗ. ನಮ್ಮಲ್ಲಿ ಆಟಗಾರನನ್ನು ಹೊಗಳೋಕೆ ಹುಲಿಯೋ ಸಿಂಹವೋ ಬೇಕು. ಅಲ್ಲಿ ಯಾವ ಪ್ರಾಣಿಯಾದರೂ ನಡೆಯುತ್ತದೆ. ಅಲ್ಲಿನ ಆಟಗಾರ ಕ್ಲಾಡಿಯೊ ಲೋಪೆಸ್ 'ಹೇನು'. ಆರಿಯೆಲ್ ಒರ್ತೇಗ 'ಕತ್ತೆಮರಿ', ಯಾಕೆಂದರೆ ಅವರ ಅಪ್ಪನನ್ನು ಊರವರು ಮೊದಲೇ 'ಕತ್ತೆ' ಅಂತ ಕರೆಯುತ್ತಿದ್ದರು!

ಆದರೆ ಪ್ರಾಣಿಯ ಹೆಸರು ಯಾರ ಬಾಯಿಂದ ಬರುತ್ತದೆ ಅನ್ನೋದನ್ನು ನೋಡಲೇಬೇಕು. 1966ರಲ್ಲಿ ದಕ್ಷಿಣ ಅಮೆರಿಕದ ಲಿಬೆರ್ತದೋರೆಸ್ ಕಪ್ ಫೈನಲ್ ಚಿಲಿಯ ಸಾಂತಿಯಾಗೊದಲ್ಲಿ ನಡೆಯಿತು. ಬ್ಯೂನಸ್ ಐರಿಸ್‌ನ ರಿವರ್ ಪ್ಲೇಟ್ ತಂಡ 2-0 ಮುಂದಿತ್ತು. ಕೊನೆಗೆ ಉರುಗ್ವೆಯ ಪೆನ್ಯರೋಲ್ ಎದುರು 4-2ರಿಂದ ಸೋತಿತು. ಅದಾದ ಮೇಲೆ ಅರ್ಜೆಂಟೀನಾದ್ದೇ ಬಾನ್‌ಫೀಲ್ಡ್ ತಂಡದ ವಿರುದ್ಧದ ಪಂದ್ಯದಲ್ಲಿ, ರಿವರ್ ಅಂಗಿಯ ಹಾಗೆಯೇ ಕೆಂಪು ಪಟ್ಟೆ ಹಾಕಿದ ಬಿಳಿ ಹೇಂಟೆಯನ್ನು ಯಾರೋ ಮೈದಾನಕ್ಕೆ ಬಿಟ್ಟರು. ಸ್ಪ್ಯಾನಿಷ್‌ನಲ್ಲಿ ಹೇಂಟೆ ಅಂದರೆ ಪುಕ್ಕಲ. ಹೆಸರು ಅಂಟಿಕೊಂಡಿತು. 2004ರಲ್ಲಿ ರಿವರ್‌ನ ಬದ್ಧ ಎದುರಾಳಿ ಬೋಕಾ ತಂಡದ ಕಾರ್ಲೋಸ್ ತೆವೆಸ್ ರಿವರ್ ಅಂಗಳದಲ್ಲೇ ಗೋಲು ಹೊಡೆದು, ಕೋಳಿಯಂತೆ ಕೈ ಬಡಿದು ಕುಣಿದರು. ಕೂಡಲೇ ಕೆಂಪು ಕಾರ್ಡ್ ಬಿತ್ತು! ಈಗ ಎಷ್ಟೋ ರಿವರ್ ಅಭಿಮಾನಿಗಳು 'ನಾವು ಹೇಂಟೆಗಳೇ' ಅಂತ ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಬೈಗುಳವನ್ನು ಹೀಗೆ ತಮ್ಮದಾಗಿಸಿಕೊಂಡದ್ದು ನನಗೆ ತುಂಬಾ ಇಷ್ಟ.

ಊರು ಬದಲಾದರೂ ಅರ್ಥ ಬದಲಾಗುತ್ತದೆ. ಮ್ಯಾಡ್ರಿಡ್‌ನಲ್ಲಿ 'ಗಾತೊ', ಅಂದರೆ ಬೆಕ್ಕು, ಅಪ್ಪಟ ಆ ಊರಿನವರ ಹೆಸರು. ಅರ್ಜೆಂಟೀನಾದಲ್ಲಿ ಅದೇ ಪದ ಕೆಟ್ಟ ಬೈಗುಳ. ಮೆಕ್ಸಿಕೊದ ಹುಡುಗರು ಮಾತುಮಾತಿಗೂ ಬಳಸುವ 'ವೇಯ್' ಕೂಡ ಎತ್ತು ಅನ್ನುವ ಪದದಿಂದಲೇ ಬಂದದ್ದು. ಮೊದಲು ದಡ್ಡ ಅಂತಿತ್ತು, ಈಗ ಸುಮ್ನೆ 'ಮಗಾ' ಅಂದ ಹಾಗೆ.

ನನಗೆ ಸಿಟ್ಟು ಬರೋದು ನರಿಯ ವಿಷಯದಲ್ಲಿ. ಗಂಡಸನ್ನು 'ಸೊರ್ರೊ' ಅಂದರೆ ಚಾಲಾಕಿ ಅಂತ. ಹೆಂಗಸನ್ನು 'ಸೊರ್ರಾ' ಅಂದರೆ ನಡತೆಗೆಟ್ಟವಳು ಅಂತ. ಇದು ಶುದ್ಧ ಅನ್ಯಾಯ. ಭಾಷೆ ಕಲಿಯುವವರು ಈ ಪದವನ್ನು ಹೊಗಳಿಕೆ ಅಂದುಕೊಂಡು ಯಾವ ಹೆಣ್ಣಿಗೂ ಹೇಳಬಾರದು. ಹಾಗಾಗಿ ಯಾರೂ ಕೇಳದಿದ್ದರೂ ಇದನ್ನು ನಾನು ಮೊದಲೇ ಹೇಳಿಬಿಡುತ್ತೇನೆ.