ಬಾವಿಕಟ್ಟೆಯ ಶಾಸನ

ನಮ್ಮ ಚರಿತ್ರೆ ಮೇಷ್ಟ್ರು ತೀರಿಹೋದ ಸುದ್ದಿ ಬಂದಾಗ ನಾನೊಂದು ಚಿತ್ರಕತೆ ತಿದ್ದುತ್ತಾ ಕೂತಿದ್ದೆ. ಹೊಯ್ಸಳರ ಕಾಲದ ಕತೆ. ಅಡುಗೆಮನೆ ದೃಶ್ಯಕ್ಕೆ ಒಣಮೆಣಸಿನಕಾಯಿ ತೂಗುಹಾಕೋಣ, ಕೆಂಪಗೆ ಚೆನ್ನಾಗಿ ಕಾಣುತ್ತೆ ಅಂತ ಕಲಾ ವಿಭಾಗದವರು ಹಟ ಹಿಡಿದಿದ್ದರು. ನಾನು ಸುತರಾಂ ಒಪ್ಪಲಿಲ್ಲ. ಮೆಣಸಿನಕಾಯಿ ನಮ್ಮಲ್ಲಿಗೆ ಬಂದದ್ದು ಪೋರ್ಚುಗೀಸರ ಜೊತೆ, 1498 ಆದಮೇಲೆ. ಅದಕ್ಕೂ ಮುಂಚೆ ನಮ್ಮ ಸಾರಿನ ಖಾರ ಕರಿಮೆಣಸಿನದು. ಹೊಸ ಕಾಯಿಗೂ ನಾವು ಆ ಹಳೇ ಮೆಣಸಿನ ಹೆಸರನ್ನೇ ಕೊಟ್ಟೆವು. ಇದನ್ನೆಲ್ಲ ನನಗೆ ಹೇಳಿಕೊಟ್ಟವರು ಮೇಷ್ಟ್ರೇ. ಯಾವ ಪಾಠದ ನಡುವೆ ಹೇಳಿದರೋ ನೆನಪಿಲ್ಲ. ಪಾಠ ಮರೆತಿದೆ, ಮೆಣಸು ಮರೆತಿಲ್ಲ.

ಮೇಷ್ಟ್ರದು ಹಗಲು ಪಾಠ, ರಾತ್ರಿ ಕಾದಂಬರಿ. ಆಮೇಲೆ ಸಿನಿಮಾದವರು ಹುಡುಕಿಕೊಂಡು ಬಂದು ಚಿತ್ರಕತೆಯನ್ನೂ ಬರೆಸಿದರು. ಅವರ ನೋಟ್‌ಬುಕ್ಕಿನಲ್ಲಿ ಎಡಪುಟ ಶಾಯಿಗೆ, ಬಲಪುಟ ಪೆನ್ಸಿಲ್ಲಿಗೆ. ಶಾಸನದಲ್ಲೋ ಹಳೇ ದಾಖಲೆಯಲ್ಲೋ ಸಿಕ್ಕಿದ್ದು ಶಾಯಿಯಲ್ಲಿ. ತಾವು ಕಟ್ಟಿಕೊಂಡದ್ದು ಪೆನ್ಸಿಲ್ಲಿನಲ್ಲಿ. "ಬಲಪುಟದ್ದು ಎಡಪುಟಕ್ಕೆ ನುಸುಳಬಾರದು ಕಣ್ರೋ" ಅನ್ನುತ್ತಿದ್ದರು.

ಒಮ್ಮೆ ವಿಜಯನಗರದ ಕತೆಯೊಂದರಲ್ಲಿ ದೂತ ಹೊಳೆ ದಾಟಬೇಕಿತ್ತು. ಕಾದಂಬರಿಯಾದರೆ "ಹೊಳೆ ದಾಟಿದ" ಅಂದರೆ ಮುಗೀತು. ಚಿತ್ರಕತೆಗೆ ಯಾವ ದೋಣಿ ಅಂತ ಹೇಳಬೇಕಲ್ವಾ? 1520ರ ಸುಮಾರಿಗೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಆನೆಗೊಂದಿಯ ಹರಿಗೋಲಿನ ಬಗ್ಗೆ ಬರೆದಿದ್ದಾನೆ. ಬುಟ್ಟಿಯ ಹಾಗೆ ದುಂಡಗೆ, ಒಳಗೆ ಬೆತ್ತ, ಹೊರಗೆ ಚರ್ಮ, ಹದಿನೈದಿಪ್ಪತ್ತು ಜನ ಹಿಡಿಸುತ್ತಾರೆ. ನೆಟ್ಟಗೆ ಹೋಗುವುದಿಲ್ಲ, ತಿರುಗುತ್ತಲೇ ಇರುತ್ತೆ. ಮೇಷ್ಟ್ರು ಆ ಒಂದು ಮಾತು ಹಿಡಿದುಕೊಂಡು ದೃಶ್ಯ ಬರೆದು ನಮಗೆ ಓದಿ ಹೇಳಿದರು. ಹರಿಗೋಲು ಒಂದೊಂದು ಸುತ್ತು ತಿರುಗಿದಾಗಲೂ ಊರು ದೂತನ ಕಣ್ಣಿಗೆ ಬೀಳುತ್ತೆ, ಮರೆಯಾಗುತ್ತೆ, ಮತ್ತೆ ಬೀಳುತ್ತೆ. ನಾನು ಈ ಕಸುಬಿಗೆ ಬಂದದ್ದು ಆ ದಿನವೇ ಅಂತ ನನಗನ್ನಿಸುತ್ತೆ. ಇವತ್ತು ನನ್ನ ಚಿತ್ರಕತೆಗಳಲ್ಲಿ ಕಾಲದ ತಪ್ಪು ಹುಡುಕುವುದು ಕಷ್ಟ ಅಂತ ಜನ ಹೇಳುತ್ತಾರೆ. ಆ ಮಾತು ಕೇಳಿದಾಗ ಎದೆ ತುಂಬಿ ಬರುತ್ತೆ.

ಇನ್ನು ಶಾಸನದ ವಿಷಯ. 1987, ನಾವು ಹತ್ತನೇ ತರಗತಿ. ನಾನೂ ಇಬ್ಬರು ಗೆಳೆಯರೂ ಎಲ್ಲಿಂದಲೋ ಬಳಪದ ಕಲ್ಲಿನ ಒಂದು ಚೂರು ತಂದೆವು. ಮೆತ್ತಗಿನ ಕಲ್ಲು, ಹೊಯ್ಸಳರು ಕೆತ್ತಿದ್ದೂ ಅಂಥದ್ದನ್ನೇ. ಕಂಪಾಸಿನ ಮುಳ್ಳಿನಿಂದ ಕೆತ್ತಿದೆವು: "ಶಕ 1039, ಪ್ರಭವ ಸಂವತ್ಸರ. ಈ ಬಾವಿಯನ್ನು ವಿಷ್ಣುವರ್ಧನ ಮಹಾರಾಜರು ತೋಡಿಸಿದರು." ಬೂದಿ, ಸಗಣಿ ಉಜ್ಜಿ ಶಾಲೆಯ ಬಾವಿಕಟ್ಟೆ ಪಕ್ಕ ಹೂತೆವು. ಎರಡು ವಾರ ಬಿಟ್ಟು ನಾವೇ "ಸಿಕ್ತು ಸಾರ್!" ಅಂತ ಓಡಿದೆವು.

ಮೇಷ್ಟ್ರು ಪಂಚೆ ಎತ್ತಿಕಟ್ಟಿ ಮಣ್ಣಿನಲ್ಲೇ ಕೂತರು. ಕಲ್ಲು ತೊಳೆದು, ಒದ್ದೆ ಕಾಗದ ಹಾಸಿ, ಬ್ರಷ್ಷಿನಿಂದ ಕುಟ್ಟಿ, ಮಸಿ ಒತ್ತಿ ಅಚ್ಚು ತೆಗೆದರು. ಒಂದು ಮಾತೂ ಆಡಲಿಲ್ಲ. ಮಾರನೇ ದಿನ ಅಚ್ಚು ತರಗತಿಯ ಗೋಡೆ ಮೇಲಿತ್ತು.

"ಬೇಲೂರು ದೇವಸ್ಥಾನದ ಇಸವಿ 1117. ಅದರಲ್ಲಿ 78 ಕಳೆದು ಶಕ 1039 ತಂದಿದ್ದೀರಿ. ಭೇಷ್! ಆದರೆ ಅಕ್ಷರ ನಿಮ್ಮ ಕಾಪಿಪುಸ್ತಕದ್ದು. ಆ ಕಾಲದಲ್ಲಿ ಪೂರ್ಣವಿರಾಮ ಎಲ್ಲಿತ್ತೋ? ಮತ್ತೆ ಈ ಪ್ರಭವ ಎಲ್ಲಿಂದ ಬಂತು?"

ಆಫೀಸಿನ ಕ್ಯಾಲೆಂಡರಿನಿಂದ ಬಂದಿತ್ತು. ಆ ವರ್ಷ ಪ್ರಭವ.

"ಸಂವತ್ಸರದ ಹೆಸರು 60 ವರ್ಷಕ್ಕೊಮ್ಮೆ ತಿರುಗಿ ಬರುತ್ತೆ. 1117ರಿಂದ ಈವರೆಗೆ 870 ವರ್ಷ. ಭಾಗಿಸಿ ನೋಡಿ." 30 ಉಳಿಯಿತು. "ಉಳಿಯಬಾರದಿತ್ತು. ಶಕ 1039 ಹೇವಿಳಂಬಿ."

ಬೆತ್ತ ಮೇಜಿನ ಮೇಲೇ ಇತ್ತು, ಮುಟ್ಟಲಿಲ್ಲ. ಕಲ್ಲನ್ನು ಚೀಲಕ್ಕೆ ಹಾಕಿಕೊಂಡು ಹೋದರು.

ನಮ್ಮಣ್ಣನ ಮಗಳು ಈಗ ಹತ್ತನೇ ತರಗತಿ. ವಿಷ್ಣುವರ್ಧನ ಯಾವ ವಂಶದವನು, ನಾಲ್ಕರಲ್ಲಿ ಒಂದಕ್ಕೆ ಗುರುತು ಹಾಕು, ಒಂದು ಅಂಕ ತಗೋ. ಅಷ್ಟೇ ಅವಳ ಚರಿತ್ರೆ. ಶಾಲೆಯಿಂದ ಬೇಲೂರಿಗೂ ಹೋಗಿಬಂದಳು. ಫೋನ್ ತುಂಬಾ ಫೋಟೋ. ಒಂದು ಶಾಸನದ ಮುಂದೆಯೂ ಯಾರೂ ನಿಲ್ಲಿಸಲಿಲ್ಲವಂತೆ. ಬೇಜಾರಾಯಿತು. ಮಕ್ಕಳಲ್ಲಿ ಆಸೆ ಕಡಿಮೆಯಾಗಿಲ್ಲ, ಮಣ್ಣಲ್ಲಿ ಕೂತು ತೋರಿಸುವವರು ಬೇಕು.

ಮೇಷ್ಟ್ರ ಮನೆಗೆ ಹೋದಾಗ ಮನೆಯವರು ನನ್ನನ್ನು ಮೇಷ್ಟ್ರು ಬರೆಯುತ್ತಿದ್ದ ಕೋಣೆಗೆ ಕರೆದುಕೊಂಡು ಹೋದರು. ಅರ್ಧಕ್ಕೆ ನಿಂತ ಕಾದಂಬರಿಯ ಹಾಳೆಗಳ ಮೇಲೆ, ಗಾಳಿಗೆ ಹಾರದ ಹಾಗೆ, ನಮ್ಮ ಕಲ್ಲಿತ್ತು. ಮಗುಚಿ ನೋಡಿದೆ. ತಳದಲ್ಲೊಂದು ಚೀಟಿ ಅಂಟಿಸಿದ್ದರು. "ದೊರೆತ ಸ್ಥಳ: ಶಾಲೆಯ ಬಾವಿಕಟ್ಟೆ. ಕಾಲ: ಶಕ 1909, ಪ್ರಭವ. ಕೆತ್ತಿದವರು: ಹತ್ತನೇ ತರಗತಿಯ ಮೂವರು ಹುಡುಗರು." ಅದರ ಕೆಳಗೆ ನಮ್ಮ ಮೂವರ ಹೆಸರು. ಎಲ್ಲವನ್ನೂ ಶಾಯಿಯಲ್ಲೇ ಬರೆದಿದ್ದರು.