ಈ ಲೋಕಕ್ಕೆ ಓದಲು ಬರುವುದಿಲ್ಲ

ಕಳೆದ ಶನಿವಾರ ಸಂಜೆ ಪುಣೆಯ ಕೋಥರೂಡಿನಲ್ಲಿರುವ ಅಕ್ಕನ ಮನೆಯ ಊಟದ ಮೇಜಿನ ಸುತ್ತ ಕುಳಿತಿದ್ದ ಐದು ಮಕ್ಕಳ ನಡುವೆ ಆರನೆಯವಳಾಗಿ ಸೇರಿಕೊಂಡು, ಎರಡು ಕನ್ನಡ ಪದಗಳಿಂದ ಒಂದು ಬಾಗಿಲನ್ನು ತೆರೆಯಲು ಹೋಗಿ ಸೋತೆ. ಬಾಗಿಲು ಕಲ್ಪನೆಯದು. ಸೋಲು ಮಾತ್ರ ನಾಲ್ಕು ದಿನ ಕಳೆದರೂ ಮನಸ್ಸಿನಿಂದ ಇಳಿದಿಲ್ಲ.

ಅಕ್ಕನ ಮಗನಿಗೆ ಈಗ ಹದಿಮೂರು ವರ್ಷ. ಅವನೂ ಅವನ ಗೆಳೆಯರೂ ಆಡುವುದು ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಎಂಬ ಆಟ. ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ 1974ರಲ್ಲಿ ಅಮೆರಿಕದಲ್ಲಿ ಹೊರತಂದ ಈ ಆಟವು ಪಗಡೆಗಿರುವಂಥ ಹಾಸು ಇಲ್ಲದಿದ್ದರೂ ನಡೆಯುತ್ತದೆ. ಇಪ್ಪತ್ತು ಮುಖಗಳ ದಾಳವೊಂದಿದ್ದರೆ ಉಳಿದದ್ದೆಲ್ಲ ಮಾತು. ಒಬ್ಬನು ಲೋಕವನ್ನು ವರ್ಣಿಸುತ್ತಾನೆ, ಉಳಿದವರು ಅಲ್ಲಿ ತಾವೇನು ಮಾಡುತ್ತೇವೆಂದು ಹೇಳುತ್ತಾರೆ, ಅದು ಕೈಗೂಡುವುದೋ ಇಲ್ಲವೋ ಎಂಬುದನ್ನು ದಾಳ ತೀರ್ಮಾನಿಸುತ್ತದೆ. ನಿಯಮಪುಸ್ತಕಗಳಲ್ಲಿ ಬೆಂಕಿಯ ಲೋಕ, ನೀರಿನ ಲೋಕ ಎಂದು ಹಲವಿವೆ. ಅವು ಸಾಲದೆಂದು ಇವನು ತನ್ನದೇ ಒಂದನ್ನು ಕಟ್ಟಿದ್ದಾನೆ. ಅದು ಬರವಣಿಗೆಯಿಂದಲೇ ಆದ ಲೋಕ.

ಅಲ್ಲಿ ಬೆಟ್ಟಗಳೆಂದರೆ ಯಾರೋ ಕೊರೆದು ಮರೆತುಹೋದ ವಾಕ್ಯಗಳು. ನದಿಗಳೆಂದರೆ ಪೂರ್ಣವಿರಾಮ ಸಿಗದೆ ಹರಿಯುತ್ತಲೇ ಇರುವ ವಾಕ್ಯಗಳು. ‘ಮಳೆ’ ಎಂದು ಎಷ್ಟು ಕೂಗಿದರೂ ಹನಿ ಬೀಳದು, ಬರೆದರೆ ಸುರಿಯುತ್ತದೆ. ಕಾಗುಣಿತ ತಪ್ಪಿದರೆ ಹುಟ್ಟಿದ ಕುದುರೆಗೆ ಒಂದು ಕಾಲು ಕಡಿಮೆ. ಬರೆದದ್ದನ್ನು ಅಳಿಸಬಹುದು, ಆದರೆ ಅಳಿಸಿದವನ ನೆನಪಿನಿಂದಲೂ ಅಷ್ಟೇ ಅಕ್ಷರಗಳು ಉದುರುತ್ತವೆ. ಮೂಲ ಆಟದ ಈಚಿನ ನಿಯಮಗಳಲ್ಲಿ ಮಂತ್ರವಾದಿಯು ಹೊಸ ಮಂತ್ರವೊಂದನ್ನು ತನ್ನ ಪುಸ್ತಕಕ್ಕೆ ನಕಲು ಮಾಡಿಕೊಳ್ಳಬೇಕಾದರೆ ಮಂತ್ರದ ಒಂದೊಂದು ಮಟ್ಟಕ್ಕೂ 2 ಗಂಟೆ ಮತ್ತು 50 ಚಿನ್ನದ ನಾಣ್ಯಗಳನ್ನು ತೆರಬೇಕು. ಇವನು ನಾಣ್ಯದ ಬದಲು ನೆನಪನ್ನು ಕೇಳುತ್ತಾನೆ. ಇದನ್ನೆಲ್ಲ ಭಾವ ‘ಟೈಮ್‌ಪಾಸ್’ ಎನ್ನುತ್ತಾರೆ. ಭಾವ ಒಳ್ಳೆಯವರೇ, ಆದರೆ ಸಹಿಯ ಹೊರತು ಅವರು ಕೈಯಿಂದ ಇನ್ನೇನನ್ನಾದರೂ ಬರೆದದ್ದನ್ನು ನಾನು ಕಂಡು ಹತ್ತು ವರ್ಷಗಳಾಗಿರಬೇಕು. ಹಿಂಜವಡಿಯಲ್ಲಿ ಕುಳಿತು ಯಾರೂ ತೆರೆದು ನೋಡದ ಯಂತ್ರಗಳ ಕೈಪಿಡಿಗಳನ್ನು ಬರೆಯುವ ನನಗಂತೂ, ಬರೆದದ್ದು ಬರೆದಂತೆಯೇ ನಡೆಯುವ ಜಾಗವೊಂದು ಇದೆಯೆಂದು ಕೇಳಿ ಅಸೂಯೆಯಾಯಿತು.

ಕೋಟೆಯ ಬಾಗಿಲ ಮುಂದೆ ಎಲ್ಲರೂ ಚೀಟಿಗಳನ್ನು ಬರೆದರು. ಇಂಗ್ಲಿಷ್ ಚೀಟಿಗಳು ಸಂದವು, ಒಬ್ಬ ಹುಡುಗಿಯ ಮರಾಠಿ ಚೀಟಿಯೂ ಸಂದಿತು. ನಾನು ‘ಬಾಗಿಲು ತೆರೆಯಲಿ’ ಎಂದು ದುಂಡಗೆ ಬರೆದು ಮುಂದೆ ಸರಿಸಿದೆ. ಅವನು ಚೀಟಿಯನ್ನು ಎತ್ತಿಕೊಂಡು ನೋಡಿದ, ಒಮ್ಮೆ ತಿರುವುಮುರುವು ಮಾಡಿದ, ಆಮೇಲೆ ನ್ಯಾಯಾಧೀಶನ ಗಾಂಭೀರ್ಯದಿಂದ ಹೇಳಿದ: “ಮೌಶಿ, ಇದು ನಡ್ಯೂದಿಲ್ಲ. ಈ ಲೋಕಕ್ಕ ಇದನ್ನ ಓದ್ಲಿಕ್ಕ ಬರೂದಿಲ್ಲ.”

ತನಗೆ ಬರುವುದಿಲ್ಲ ಎನ್ನಲಿಲ್ಲ. ಲೋಕಕ್ಕೆ ಬರುವುದಿಲ್ಲ ಎಂದ. ಅದನ್ನೂ ನಮ್ಮ ಧಾರವಾಡದ ಅಚ್ಚ ಕನ್ನಡದಲ್ಲಿ, ಅವನ ಅಜ್ಜಿ ಎಳೆಯುವಂತೆಯೇ ಕೊನೆಯನ್ನು ಎಳೆದು ಹೇಳಿದ. ಮನೆಗೆ ಮರಳುವಾಗ ಚಾಂದಣಿ ಚೌಕದ ವಾಹನಗಳ ಸಾಲಿನಲ್ಲಿ ನಿಂತು ಆ ಮಾತನ್ನು ಎಷ್ಟು ಸಲ ಕೇಳಿಸಿಕೊಂಡೆನೋ ಲೆಕ್ಕವಿಲ್ಲ. ಅಕ್ಕನನ್ನು ದೂರುವುದು ಸುಲಭವಿತ್ತು. ಶಾಲೆಯ ಮೂರು ಭಾಷೆಗಳೇ ಸಾಕು ಎನ್ನುತ್ತಾ ಬಂದವಳು ಅವಳು. ಆದರೆ ಎರಡು ವರ್ಷಗಳ ಹಿಂದೆ ಅಕ್ಷರ ಕಲಿಸುತ್ತೇನೆಂದು ಹೊರಟು, ಮೂರು ಭಾನುವಾರಗಳಲ್ಲಿ ಕಾಗುಣಿತದ ತನಕ ಬಂದು, ಒತ್ತಕ್ಷರದ ಹೊತ್ತಿಗೆ ಕೆಲಸದ ನೆಪ ಹೇಳಿ ನಿಲ್ಲಿಸಿದವಳು ನಾನು.

ಮರುದಿನ ಅವನನ್ನು ಕಾರ್ಲಾ ಗುಹೆಗಳಿಗೆ ಕರೆದೊಯ್ದೆ. ವಾದದಲ್ಲಿ ಸೋತವರು ಸಾಕ್ಷಿ ಹುಡುಕಲು ಹೊರಡುವಂತೆ ಹೊರಟೆ ಎಂದರೂ ಸರಿ. ಏಕವೀರಾ ದೇವಿಯ ದರ್ಶನಕ್ಕೆ ಬಂದ ಕೋಳಿ ಎಂಬ ಮೀನುಗಾರ ಸಮುದಾಯದ ಭಕ್ತರ ಜೊತೆ ಮೆಟ್ಟಿಲೇರಿ, ಗುಡಿಯ ಪಕ್ಕದಲ್ಲೇ ಇರುವ ಚೈತ್ಯದ, ಎಂದರೆ ಬೌದ್ಧರ ಪ್ರಾರ್ಥನಾಗೃಹದ, ಮೊಗಸಾಲೆಯಲ್ಲಿ ನಿಂತೆವು. ಅಲ್ಲಿನ ಒಂದು ಬ್ರಾಹ್ಮೀ ಶಾಸನವು, ಜಂಬೂದ್ವೀಪದಲ್ಲೇ ಉತ್ತಮವಾದ ಈ ಶಿಲಾಗೃಹವನ್ನು ವೈಜಯಂತಿಯ ಶ್ರೇಷ್ಠಿ ಭೂತಪಾಲನು ಮಾಡಿಸಿದನೆಂದು ಪ್ರಾಕೃತದಲ್ಲಿ ಹೇಳುತ್ತದೆ. ವೈಜಯಂತಿಯೆಂದರೆ ನಮ್ಮ ಬನವಾಸಿ ಎಂದು ವಿದ್ವಾಂಸರು ಗುರುತಿಸುತ್ತಾರೆ. ಸುಮಾರು ಎರಡು ಸಾವಿರ ವರ್ಷಗಳ ಹಿಂದೆ ಬನವಾಸಿಯ ವರ್ತಕನೊಬ್ಬನ ಹಣ ಘಟ್ಟದ ಈ ಬಂಡೆಗೆ ಸುರಿದಿತ್ತು. ‘ಉತ್ತಮ’ ಎಂದು ಸ್ವತಃ ಬರೆಸಿಕೊಂಡ ಅವನ ಜಂಬ ನನಗೆ ಇಷ್ಟವೇ. ಒಳಗಿನ 37 ಕಂಬಗಳನ್ನೂ ಛಾವಣಿಗೆ ಇಂದಿಗೂ ಅಂಟಿಕೊಂಡಿರುವ ಮರದ ಪಕ್ಕೆಗಳನ್ನೂ ಕಂಡವರು ಅವನನ್ನು ಸುಳ್ಳುಗಾರನೆನ್ನಲಾರರು.

“ನಿನಗ ಓದ್ಲಿಕ್ಕ ಬರ್ತದೇನು?” ಎಂದು ಅವನು ಕೇಳಿದ.

ಬರುವುದಿಲ್ಲ ಎಂದೆ. ನಮ್ಮ ಲಿಪಿ ಇದೇ ಬ್ರಾಹ್ಮಿಯಿಂದ ಇಳಿದು ಬಂದದ್ದಾದರೂ ನನಗೆ ಒಂದಕ್ಷರವೂ ಹಿಡಿಯಲಿಲ್ಲ. ಪುಸ್ತಕದಲ್ಲಿ ಓದಿದ್ದನ್ನಷ್ಟೇ ಒಪ್ಪಿಸಿದ್ದೆ. ಜೇಮ್ಸ್ ಪ್ರಿನ್ಸೆಪ್ 1837ರಲ್ಲಿ ಈ ಅಕ್ಷರಗಳ ಗುಟ್ಟನ್ನು ಬಿಡಿಸುವ ಮೊದಲು ಎಷ್ಟೋ ಶತಮಾನ ಯಾರಿಗೂ ಇವನ್ನು ಓದಲು ಬರುತ್ತಿರಲಿಲ್ಲವೆಂದೂ ಹೇಳಿದೆ. ಅವನು ಕತ್ತೆತ್ತಿ ಬಂಡೆಯನ್ನು ನೋಡುತ್ತಾ, “ಆದ್ರೂ ಬಿದ್ದಿಲ್ಲಲಾ” ಎಂದ. ಆಮೇಲೆ ಕೆಳಗಿಳಿದು ಕಬ್ಬಿನ ಹಾಲು ಕುಡಿಯುವವರೆಗೆ ಮಾತಾಡಲಿಲ್ಲ.

ನಿನ್ನೆ ರಾತ್ರಿ ಫೋನ್ ಮಾಡಿದ. ಲೋಕದ ನಿಯಮವನ್ನು ತಿದ್ದಿದ್ದಾನಂತೆ: ಯಾರೂ ಓದಲಾರದ ಬರೆಹವು ಅಲ್ಲಿ ಸಾಯದೆ ಬಂಡೆಯೊಳಗೆ ಮಲಗಿರುತ್ತದೆ. ಅದಕ್ಕೆ ತಕ್ಕ ಲಿಪಿಯನ್ನೂ ಆರಿಸಿದ್ದಾನೆ. ಆಡುವ ಮಕ್ಕಳಲ್ಲಿ ಯಾರಿಗೂ ಕನ್ನಡ ಓದಲು ಬಾರದಿರುವುದರಿಂದ, ಈ ಶನಿವಾರದಿಂದ ಕನ್ನಡವು ಆ ಲೋಕದ ರಾಕ್ಷಸರ ಲಿಪಿ. ನಗಬೇಕೋ ಸಿಟ್ಟಾಗಬೇಕೋ ತಿಳಿಯದೆ, ಒತ್ತಕ್ಷರದ ಅಪಾಯವನ್ನಾದರೂ ಹೇಳೋಣವೆಂದು, ಕತ್ತೆಯ ಒತ್ತು ಉದುರಿದರೆ ಕತೆಯಾಗುತ್ತದೆ, ಕಳ್ಳನ ಒತ್ತು ಉದುರಿದರೆ ಕಳವಾಗುತ್ತದೆ ಎಂದೆ. ಕಳವೆಂದರೇನು ಎಂದು ಕೇಳಿದ. ರಾಶಿ ಮಾಡುವ ಜಾಗವೆಂದು ವಿವರಿಸಿದೆ. ಕಳ್ಳನು ಓಡುತ್ತಿರುವಾಗಲೇ ಜೋಳದ ರಾಶಿಯ ಸಮೇತ ಕಳವಾಗಿ ಹರಡಿಕೊಳ್ಳುವುದನ್ನು ನೆನೆದು ಅವನು ಬಹಳ ಹೊತ್ತು ನಕ್ಕ. ಒತ್ತು ಬರೆಯುವುದು ಹೇಗೆಂದು ಮಾತ್ರ ಕೇಳಲಿಲ್ಲ. ಅದನ್ನು ಬರೆಯುವ ಕೆಲಸ ನನಗೇ ಬಿದ್ದಿದೆ: ಶನಿವಾರದೊಳಗೆ ಹತ್ತು ಶಾಪಗಳು ಬೇಕು, ದುಂಡಗಿನ ಅಕ್ಷರಗಳಲ್ಲಿ, ನೋಡಿದರೆ ಹೆದರಿಕೆಯಾಗುವಂತೆ. ಮೂರನ್ನು ಬರೆದು ಎರಡನ್ನು ಹೊಡೆದು ಹಾಕಿದ್ದೇನೆ.